‘ತಾರೀಖಿಗೆ ಹೋಗಬೇಡ’ ಎಂದವರು ನಾವೇ

ಮೂರು ವರ್ಷದ ಹಿಂದಿನ ಮಾತು. ನಮ್ಮೂರ ಮಠದ ಜಾತ್ರೆಗೆ ಇನ್ನು ಹದಿನೈದು ದಿನ ಇತ್ತು. ಮಠದ ಪಡಸಾಲೆಯಲ್ಲಿ ನಾವು ಐದು ಜನ ಹಿರಿಯರು ಕೂತು ಒಂದು ಹೊಲದ ವ್ಯಾಜ್ಯ ಬಗೆಹರಿಸಿದೆವು. ಒಂದು ಕಡೆ ಇಬ್ಬರು ಅಣ್ಣತಮ್ಮಂದಿರು. ಇನ್ನೊಂದು ಕಡೆ, ಗಂಡ ಲಿಂಗೈಕ್ಯರಾದ ಮೇಲೆ ತವರೂರಿಗೆ ಮರಳಿ ಬಾಡಿಗೆ ಮನೆಯಲ್ಲಿ ಇದ್ದ ಅವರ ಅಕ್ಕ. ತಂದೆಯ ಎಂಟು ಎಕರೆಯಲ್ಲಿ ತನ್ನ ಪಾಲು ಬೇಕೆಂದು ಆ ತಾಯಿ ದಾವೆ ಹೂಡಿದ್ದರು. ‘ಹಿಂದೆಯೇ ಬಾಯಿಮಾತಿನ ವಾಟ್ನಿ ಆಗಿ ಹೋಗಿದೆ’ ಎಂದು ತಮ್ಮಂದಿರು ಹೇಳಿದ್ದನ್ನು ಕೆಳಗಿನ ನ್ಯಾಯಾಲಯ ಒಪ್ಪಿತ್ತು. ಅದರ ಮೇಲೆ ಅಕ್ಕ ಹಾಕಿದ ಮೇಲ್ಮನವಿ ಹಿರಿಯ ಸಿವಿಲ್ ನ್ಯಾಯಾಧೀಶರ ಮುಂದೆ ಬಾಕಿ ಇತ್ತು. ನಮ್ಮ ಪಂಚಾಯ್ತಿಯಲ್ಲಿ, ಕಾಲುವೆ ಬದಿಯ ಎರಡು ಎಕರೆ ಅಕ್ಕನಿಗೆ ಬಿಟ್ಟುಕೊಡುತ್ತೇವೆಂದು ತಮ್ಮಂದಿರು ಒಪ್ಪಿದರು. ಎಲ್ಲರೂ ಒಟ್ಟಿಗೆ ಕೂತು ಪ್ರಸಾದ ಮಾಡಿದೆವು.

ಏಳುವಾಗ ಆ ತಾಯಿ ಒಂದೇ ಪ್ರಶ್ನೆ ಕೇಳಿದರು. “ಮುಂದಿನ ವಾರ ತಾರೀಖು ಐತ್ರೀ ಮಾಸ್ತರ್ರ, ಹೋಗ್ಲೇನ್ರೀ?”

ಉತ್ತರ ಕೊಟ್ಟವನು ನಾನೇ. “ಯಾಕ ಹೋಗ್ತೀಯವ್ವಾ, ಮಾತು ಮುಗದೈತಿ. ಕೋರ್ಟಿಗೆ ಅಡ್ಡಾಡೂದು ಇನ್ನ ಸಾಕು ಮಾಡು.” ಉಳಿದ ನಾಲ್ವರೂ ತಲೆ ಆಡಿಸಿದರು.

ಅವರು ಹೋಗಲಿಲ್ಲ. ವಕೀಲರಿಗೆ ಫೋನ್ ಮಾಡಿ ‘ಮಠದಾಗ ಬಗೆಹರಿದೈತ್ರಿ’ ಎಂದರು. ವಕೀಲರೂ ಆ ಕಡತವನ್ನು ಬದಿಗಿಟ್ಟರು. ಮೂರು ತಾರೀಖು ಕಳೆದವು. ಮೂರನೆಯ ತಾರೀಖಿನಂದು ಕೋರ್ಟಿನ ಜವಾನ ಹೆಸರು ಕೂಗಿದಾಗ ಯಾರೂ ಓಗೊಡಲಿಲ್ಲ. ಮೇಲ್ಮನವಿದಾರರು ಗೈರು, ವಕೀಲರು ಗೈರು, ಪ್ರಕರಣ ನಡೆಸುವ ಆಸಕ್ತಿ ಕಾಣುವುದಿಲ್ಲ, ಆದ್ದರಿಂದ ವಜಾ. ಆದೇಶ ಇಷ್ಟೇ, ನಾಲ್ಕು ಸಾಲೂ ಇರಲಿಲ್ಲ. ಏಳು ತಿಂಗಳ ನಂತರ ಆ ತಾಯಿ ಕಾಲುವೆ ಬದಿಯ ಹೊಲಕ್ಕೆ ಕಾಲಿಟ್ಟಾಗ ತಮ್ಮ ಹೇಳಿದ ಮಾತು ಊರಿಗೆಲ್ಲ ಕೇಳಿಸಿತು: “ಕೋರ್ಟೇ ನಿನ್ನ ಕೇಸು ತಗದು ಒಗದೈತಿ, ಇನ್ನೆಂಥಾ ಪಾಲು?” ಮಠದಲ್ಲಿ ಆದ ಮಾತು? ಅದಕ್ಕೆ ಕಾಗದ ಎಲ್ಲಿದೆ ಎಂದು ಕೇಳಿದ. ಕಾಗದ ಇರಲಿಲ್ಲ. ನಾವು ಐದೂ ಜನ ಓದು ಬರಹ ಬಲ್ಲವರು. ನಾನಂತೂ ಮೂವತ್ತಮೂರು ವರ್ಷ ಹೈಸ್ಕೂಲಿನಲ್ಲಿ ಪಾಠ ಹೇಳಿದವನು. ಒಬ್ಬರಿಗೂ ಒಂದು ಹಾಳೆ ಬರೆಯುವುದು ನೆನಪಾಗಲಿಲ್ಲ.

ಇದನ್ನು ಈ ಪತ್ರಿಕೆಯಲ್ಲಿ ಬರೆಯಲು ಕಾರಣ, ಇದು ಮಠದ ಪಡಸಾಲೆಯಲ್ಲಿ ಆದದ್ದು. ಓದುವ ಶರಣ ಬಂಧುಗಳಲ್ಲಿ ಹಲವರು ಇಂಥ ಪಡಸಾಲೆಗಳಲ್ಲಿ ಪಂಚರಾಗಿ ಕೂತವರು. ನಾನು ವಕೀಲನಲ್ಲ. ಆ ತಾಯಿಯ ಜೊತೆಗೆ ತಾಲೂಕು ಕಾನೂನು ಸೇವಾ ಸಮಿತಿಗೆ, ವಕೀಲರ ಮನೆಗೆ, ಕೋರ್ಟಿನ ಕಟ್ಟೆಗೆ ಎರಡು ವರ್ಷ ಅಲೆದು ಕಲಿತದ್ದನ್ನು ಮಾತ್ರ ಹೇಳುತ್ತಿದ್ದೇನೆ.

ಮೇಲ್ಮನವಿ ಎಂದರೆ ಹಾಕಿ ಬಿಟ್ಟರೆ ತಾನೇ ಕಾಯಾಗಿ ಹಣ್ಣಾಗುವ ಗಿಡ ಎಂದು ನಮ್ಮ ಜನ ತಿಳಿದಿದ್ದಾರೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 17ನೇ ನಿಯಮ ಬೇರೆಯೇ ಹೇಳುತ್ತದೆ. ವಿಚಾರಣೆಗೆ ಕರೆದ ದಿನ ಮೇಲ್ಮನವಿದಾರರು ಸ್ವತಃ ಇಲ್ಲವೇ ವಕೀಲರ ಮೂಲಕ ಹಾಜರಾಗದಿದ್ದರೆ ನ್ಯಾಯಾಲಯ ಅದನ್ನು ವಜಾ ಮಾಡಬಹುದು. ‘ಮಾಡಬಹುದು’ ಎಂದಿದೆ, ‘ಮಾಡಲೇಬೇಕು’ ಎಂದಿಲ್ಲ. ಹಾಗಾಗಿ ಬಹಳಷ್ಟು ನ್ಯಾಯಾಧೀಶರು ಒಂದೆರಡು ಅವಕಾಶ ಕೊಟ್ಟೇ ವಜಾ ಮಾಡುತ್ತಾರೆ. ವಜಾ ಆದ ಕೂಡಲೇ ಕೆಳಗಿನ ಕೋರ್ಟಿನ ತೀರ್ಪು ಹಾಗೆಯೇ ಗಟ್ಟಿಯಾಗಿ ನಿಲ್ಲುತ್ತದೆ. ತಡೆಯಾಜ್ಞೆ ಇದ್ದರೆ ಅದೂ ಬಿದ್ದುಹೋಗುತ್ತದೆ. ಎದುರಿನವರು ಅಮಲ್ಜಾರಿಗೆ ಹೋಗಬಹುದು.

ಹಾಜರಾಗದೆ ಇರುವುದೊಂದೇ ದಾರಿಯೂ ಅಲ್ಲ. ಎದುರಿನವರಿಗೆ ನೋಟಿಸು ಕಳಿಸುವ ಪ್ರೊಸೆಸ್ ಫೀ ಕಟ್ಟದೆ ಬಿಟ್ಟರೆ, ಕೋರ್ಟಿನ ಕಚೇರಿ ತೋರಿಸಿದ ತಪ್ಪುಗಳನ್ನು ಹೇಳಿದ ಗಡುವಿನೊಳಗೆ ತಿದ್ದದಿದ್ದರೆ ಅಲ್ಲಿಗೂ ಕಡತ ಮುಗಿಯಬಹುದು. ವಾದವೇ ಆಗದೆ, ಯಾರೂ ಒಂದು ಪುಟ ತೆರೆದು ಓದದೆ.

ಇನ್ನೊಂದು ದಾರಿ ಸಾವಿನದು. ಪ್ರಕರಣದಲ್ಲಿ ಇರುವ ಒಬ್ಬರು ತೀರಿಕೊಂಡರೆ ಅವರ ವಾರಸುದಾರರ ಹೆಸರು ಸೇರಿಸಲು 90 ದಿನದೊಳಗೆ ಅರ್ಜಿ ಹಾಕಬೇಕು. ಹಾಕದಿದ್ದರೆ ಅವರ ಮಟ್ಟಿಗೆ ಮೇಲ್ಮನವಿ ‘ಅಬೇಟ್’ ಆಗುತ್ತದೆ, ಅಂದರೆ ಅಲ್ಲಿಗೆ ಆರಿಹೋಗುತ್ತದೆ. ತೀರಿಕೊಂಡವರು ನಮ್ಮ ಕಡೆಯವರಾದರೂ ಅಷ್ಟೇ, ಎದುರಿನವರಾದರೂ ಅಷ್ಟೇ. ನಮ್ಮಲ್ಲಿ ಲಿಂಗೈಕ್ಯರಾದವರ ಶಿವಗಣಾರಾಧನೆಗೆ ನೂರಾರು ಜನ ಕೂಡುತ್ತೇವೆ, ನುಡಿನಮನ ಮಾಡುತ್ತೇವೆ, ಯಾರ ಮದುವೆ ಎಲ್ಲಿ ನಿಂತಿದೆ ಎಂದು ವಿಚಾರಿಸುತ್ತೇವೆ. ‘ಇವರ ಹೆಸರಲ್ಲಿ ಕೋರ್ಟಿನಲ್ಲಿ ಏನಾದರೂ ಬಾಕಿ ಇದೆಯೇನಪ್ಪಾ’ ಎಂದು ಮಕ್ಕಳನ್ನು ಕೇಳಿದವರನ್ನು ನಾನು ಒಂದು ಕಡೆಯೂ ನೋಡಿಲ್ಲ. ಕೇಳಬೇಕಾದ ಜಾಗ ಅದೇ.

ವಜಾ ಆದ ಮೇಲ್ಮನವಿಗೆ ಮರುಜೀವ ಕೊಡುವ ದಾರಿ ಇದೆ. ಅದೇ 41ನೇ ಆದೇಶದ 19ನೇ ನಿಯಮ. ಬರಲಾಗದ್ದಕ್ಕೆ ಸಾಕಷ್ಟು ಕಾರಣ ಇತ್ತೆಂದು ತೋರಿಸಿದರೆ ನ್ಯಾಯಾಲಯ ಅದನ್ನು ಮತ್ತೆ ಕಡತಕ್ಕೆ ತೆಗೆದುಕೊಳ್ಳಬೇಕು, ಬೇಕಿದ್ದರೆ ದಂಡದ ಖರ್ಚು ಹಾಕಬಹುದು. 1976ರ ತಿದ್ದುಪಡಿ ಒಂದು ಒಳ್ಳೆಯ ಕೆಲಸ ಮಾಡಿದೆ. ಮೇಲ್ಮನವಿದಾರರು ಗೈರಾದ ದಿನ ‘ನಿಮ್ಮ ವಾದದಲ್ಲಿ ಹುರುಳಿಲ್ಲ’ ಎಂದು ಗುಣಾವಗುಣದ ಮೇಲೆ ವಜಾ ಮಾಡುವ ಅಧಿಕಾರ ನ್ಯಾಯಾಲಯಕ್ಕೆ ಇಲ್ಲವೆಂದು ಸ್ಪಷ್ಟ ಮಾಡಿದೆ. ಬಾಗಿಲು ಮುಚ್ಚಿದರೂ ಅಗಳಿ ಹಾಕಿರುವುದಿಲ್ಲ. ಆದರೆ ಗಡುವು 30 ದಿನ, ವಜಾ ಆದ ದಿನದಿಂದ. ನಮ್ಮ ತಾಯಿಗೆ ಗೊತ್ತಾದದ್ದು ಏಳು ತಿಂಗಳಿಗೆ. ಹಾಗಾಗಿ ಒಂದು ಅರ್ಜಿಯ ಜಾಗದಲ್ಲಿ ಎರಡು ಅರ್ಜಿ: ಮೇಲ್ಮನವಿಯನ್ನು ಮತ್ತೆ ತೆಗೆದುಕೊಳ್ಳಿ ಎಂಬುದೊಂದು, ತಡವಾದದ್ದನ್ನು ಮನ್ನಿಸಿ ಎಂದು ಕಾಲಮಿತಿ ಕಾಯ್ದೆಯ 5ನೇ ಕಲಮಿನ ಕೆಳಗೆ ಇನ್ನೊಂದು. ತಡಕ್ಕೂ ಕಾರಣ ತೋರಿಸಬೇಕು.

ಕಳೆದುಕೊಂಡದ್ದು ಏನು ಎಂಬುದನ್ನು ಹೇಳದಿದ್ದರೆ ನನ್ನ ಮಾತಿನ ತೂಕ ತಿಳಿಯುವುದಿಲ್ಲ. ಕರ್ನಾಟಕದಲ್ಲಿ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತ ಅವಿಭಕ್ತ ಆಸ್ತಿಯಲ್ಲಿ ಹಕ್ಕು ಕೊಡುವ ತಿದ್ದುಪಡಿ 1994ರಲ್ಲೇ ಜಾರಿಗೆ ಬಂತು, ಆಗ ಮದುವೆಯಾದ ಹೆಣ್ಣುಮಕ್ಕಳನ್ನು ಹೊರಗಿಟ್ಟು. 2005ರ ಸೆಪ್ಟೆಂಬರ್ 9ರಿಂದ ಕೇಂದ್ರದ ತಿದ್ದುಪಡಿ ಆ ಭೇದವನ್ನೂ ತೆಗೆಯಿತು. ವಿನೀತಾ ಶರ್ಮಾ ಪ್ರಕರಣದಲ್ಲಿ 2020ರ ಆಗಸ್ಟ್ 11ರಂದು ಸುಪ್ರೀಂ ಕೋರ್ಟು ಮಗಳು ಹುಟ್ಟಿನಿಂದಲೇ ಹಕ್ಕುದಾರಳು ಎಂದಿತು. ಬಾಯಿಮಾತಿನ ವಾಟ್ನಿ ಆಗಿದೆ ಎಂಬ ವಾದವನ್ನು ಸುಮ್ಮನೆ ಒಪ್ಪಬಾರದು, ಸಾರ್ವಜನಿಕ ದಾಖಲೆಗಳ ಬೆಂಬಲವಿದ್ದ ಅಪರೂಪದ ಪ್ರಕರಣಗಳಲ್ಲಿ ಮಾತ್ರ ಒಪ್ಪಬಹುದು ಎಂದೂ ಹೇಳಿತು. ನಮ್ಮ ತಾಯಿಯ ವಿರುದ್ಧ ಕೆಳಗಿನ ಕೋರ್ಟು ಒಪ್ಪಿದ್ದು ಅದೇ ಬಾಯಿಮಾತಿನ ವಾಟ್ನಿಯನ್ನು. ಸೇವಾ ಸಮಿತಿಯ ವಕೀಲರು ಕಡತ ಓದಿ ಮುಚ್ಚಿ, ಕನ್ನಡಕ ತೆಗೆದು, “ಈ ಅಪೀಲು ವಾದಕ್ಕೆ ನಿಂತಿದ್ದರೆ ಬಲವಾದದ್ದೇ ಇತ್ತಲ್ರೀ” ಎಂದಾಗ ನಾನು ಕಿಟಕಿಯ ಕಡೆ ನೋಡುತ್ತ ಕೂತಿದ್ದೆ.

ಇಲ್ಲಿ ಒಂದು ಮಾತು. 1956ರ ಹಿಂದೂ ಉತ್ತರಾಧಿಕಾರ ಕಾಯ್ದೆ ಯಾರಿಗೆ ಅನ್ವಯಿಸುತ್ತದೆ ಎನ್ನುವ ಅದರ 2ನೇ ಕಲಮಿನಲ್ಲಿ ವೀರಶೈವ, ಲಿಂಗಾಯತ ಎಂಬ ಹೆಸರುಗಳು ಅಚ್ಚಾಗಿವೆ. ಆ ಹೆಸರುಗಳು ಅಲ್ಲಿ ಇರಬೇಕೋ ಬೇಡವೋ ಎಂದು ನಾವು ಸಮಾವೇಶ ಮಾಡುತ್ತೇವೆ, ಲೇಖನ ಬರೆಯುತ್ತೇವೆ. ನಾನೂ ಬರೆದಿದ್ದೇನೆ, ಆ ಚರ್ಚೆ ನಡೆಯಬೇಕಾದದ್ದೇ. ಆದರೆ ಅದೇ ಕಾಯ್ದೆ ನಮ್ಮ ಹೆಣ್ಣುಮಗಳಿಗೆ ಕೊಟ್ಟ ಪಾಲು ನಮ್ಮ ಪಡಸಾಲೆಯಿಂದಲೇ ಜಾರಿ ಹೋಯಿತು. ಹೆಣ್ಣಿಗೂ ಇಷ್ಟಲಿಂಗ ಕೊಟ್ಟ ಧರ್ಮ ನಮ್ಮದು ಎಂದು ಪ್ರತಿ ವೇದಿಕೆಯಲ್ಲಿ ಹೇಳುವವರು ನಾವು. ಕೊರಳಿಗೆ ಲಿಂಗ ಕಟ್ಟಿದ ಕೈಯೇ ‘ತಮ್ಮಂದಿರ ಜೊತೆ ಎಂಥಾ ಜಗಳ ಬಿಡವ್ವಾ’ ಎಂದು ಹೆಬ್ಬೆಟ್ಟಿಗೆ ಮಸಿಯನ್ನೂ ಹಚ್ಚುತ್ತದೆ. ಆ ತಾಯಿಗೆ ನಾವು ಎಂಟು ಎಕರೆಯಲ್ಲಿ ಎರಡು ಎಕರೆ ಕೊಡಿಸಿ ಉಪಕಾರ ಮಾಡಿದೆವು ಎಂದು ಬೀಗಿದ್ದೆವು. ಮೂವರು ಮಕ್ಕಳಿಗೆ ಎಂಟು ಎಕರೆ ಸಮಪಾಲಾದರೆ ಎಷ್ಟು ಬರುತ್ತದೆ ಎಂದು ಲೆಕ್ಕ ಹಾಕಲು ಗಣಿತದ ಮಾಸ್ತರ ಬೇಕಿಲ್ಲ.

ಹಾಗೆಂದು ನ್ಯಾಯಾಲಯವನ್ನು ದೂರಲು ನನಗೆ ಮನಸ್ಸಿಲ್ಲ. ಯಾರೂ ಬರದ ಕಡತವನ್ನು ನ್ಯಾಯಾಧೀಶರು ಎಷ್ಟು ದಿನ ಮೇಜಿನ ಮೇಲೆ ಇಟ್ಟುಕೊಳ್ಳಬೇಕು? ಕೋರ್ಟಿನ ಕಟ್ಟೆಯ ಮೇಲೆ ಕೂತಾಗ ಇದರ ಇನ್ನೊಂದು ಮುಖವನ್ನೂ ಕಂಡೆ. ಪಕ್ಕದ ಊರಿನ ಒಬ್ಬ ತಂಗಿ ದಾವೆ ಗೆದ್ದಿದ್ದಾಳೆ. ಸೋತ ಅಣ್ಣ ಮೇಲ್ಮನವಿ ಹಾಕಿ ತಡೆಯಾಜ್ಞೆ ತಂದು ನಿದ್ದೆ ಹೊಡೆಯುತ್ತಿದ್ದಾನೆ. ಮೇಲ್ಮನವಿ ಹಾಕಿದ ಮಾತ್ರಕ್ಕೆ ಡಿಕ್ರಿಗೆ ತಡೆ ಬರುವುದಿಲ್ಲ, ತಡೆಯನ್ನು ಬೇರೆ ಕೇಳಿ ಪಡೆಯಬೇಕು. ಅದು ಅವನಿಗೆ ಚೆನ್ನಾಗಿ ಗೊತ್ತು. ತಡೆ ಸಿಕ್ಕ ಮೇಲೆ ಅವನ ಕಡೆಯವರು ತಾರೀಖಿಗೆ ಬರುವುದೇ ಇಲ್ಲ. ಬಂದರೂ ಮುಂದಿನ ತಾರೀಖು ಕೇಳಲು ಬರುತ್ತಾರೆ. ಬೆಳೆ ಅವನ ಚೀಲಕ್ಕೆ ಹೋಗುತ್ತಿದೆ. ಇಂಥ ಮೇಲ್ಮನವಿ ಗೈರುಹಾಜರಿಯಿಂದ ವಜಾ ಆದರೆ ಅದೇ ನ್ಯಾಯ. ಐನೂರು ರೂಪಾಯಿ ಖರ್ಚು ಕಟ್ಟಿಸಿಕೊಂಡು ಅದನ್ನು ಮತ್ತೆ ಎಬ್ಬಿಸಿ ಕೂಡಿಸಿದರೆ ಆ ತಂಗಿಗೆ ಅನ್ಯಾಯ. ಅಂಥ ಅಣ್ಣಂದಿರು ನಮ್ಮ ಮಠಗಳ ದಾಸೋಹಕ್ಕೆ ಅಕ್ಕಿ ಮೂಟೆ ಕಳಿಸುವವರ ಸಾಲಿನಲ್ಲಿಯೂ ಇದ್ದಾರೆ. ಇದನ್ನು ಬರೆಯದೆ ಮುಂದೆ ಹೋದರೆ ನನ್ನ ಲೇಖನಿ ಸುಳ್ಳಾಗುತ್ತದೆ.

ಸುಪ್ರೀಂ ಕೋರ್ಟಿನ ಎರಡು ತೀರ್ಪುಗಳನ್ನು ವಕೀಲರು ನನಗೆ ವಿವರಿಸಿದರು. ಎರಡನ್ನೂ ಒಟ್ಟಿಗೆ ನೋಡಬೇಕು. 1981ರ ರಫೀಕ್ ಪ್ರಕರಣದಲ್ಲಿ ವಕೀಲರು ಗೈರಾದದ್ದರಿಂದ ಹೈಕೋರ್ಟಿನಲ್ಲಿ ಮೇಲ್ಮನವಿ ಹೋಗಿತ್ತು. ಹಳ್ಳಿಯ ಕಕ್ಷಿದಾರ ವಕೀಲರನ್ನು ನೇಮಿಸಿ, ಫೀಸು ಕೊಟ್ಟು, ತನ್ನಿಂದಾದದ್ದನ್ನೆಲ್ಲ ಮಾಡಿದ್ದೇನೆಂದು ನಂಬಿ ಊರಿನಲ್ಲಿರುತ್ತಾನೆ, ಕೋರ್ಟಿನಲ್ಲಿ ಏನಾಗುತ್ತಿದೆ ಎಂದು ಅವನು ಕಾವಲು ಕಾಯಲು ಆಗುವುದಿಲ್ಲ, ವಕೀಲರ ತಪ್ಪಿಗೆ ಅವನನ್ನು ದಂಡಿಸಬಾರದು ಎಂಬರ್ಥದಲ್ಲಿ ಕೋರ್ಟು ಹೇಳಿ ಮೇಲ್ಮನವಿಗೆ ಜೀವ ಕೊಟ್ಟಿತು. 1993ರ ಸಲೀಲ್ ದತ್ತಾ ಪ್ರಕರಣದಲ್ಲಿ ಎದುರಿಗಿದ್ದದ್ದು ಕೋಲ್ಕತ್ತದ ಒಂದು ಕಂಪನಿ. ಅದೂ ವಕೀಲರ ಮೇಲೆ ತಪ್ಪು ಹೊರಿಸಿತು. ವಕೀಲ ನಿಮ್ಮ ಪ್ರತಿನಿಧಿ, ನೀವು ಓದುಬರಹ ಬಾರದ ಹಳ್ಳಿಗರಲ್ಲ, ಪ್ರತಿ ಸಲವೂ ಆ ನೆಪ ನಡೆಯುವುದಿಲ್ಲ ಎಂಬುದು ಅಲ್ಲಿನ ನಿಲುವು. ನನಗೆ ಇವು ಒಂದಕ್ಕೊಂದು ವಿರುದ್ಧ ಅನ್ನಿಸಲಿಲ್ಲ. ಗೈರಾದವರು ಯಾರು, ಏಕೆ ಗೈರಾದರು, ಗೈರಾದದ್ದರಿಂದ ಲಾಭ ಯಾರಿಗೆ ಆಯಿತು ಎಂದು ಕೇಳುವ ನ್ಯಾಯಾಲಯವೇ ಸರಿಯಾದ ನ್ಯಾಯಾಲಯ. ಅಣ್ಣನ ಗೈರು ಅಣ್ಣನಿಗೇ ಲಾಭ ತಂದಿತು. ನಮ್ಮ ತಾಯಿಯ ಗೈರು ಲಾಭ ತಂದದ್ದು ತಮ್ಮಂದಿರಿಗೆ.

ಮಠದಲ್ಲಿ ವ್ಯಾಜ್ಯ ಬಗೆಹರಿಸುವುದನ್ನೇ ಬಿಡಬೇಕೇ? ಖಂಡಿತ ಬೇಡ. ಸಿರಿಗೆರೆಯ ತರಳಬಾಳು ಬೃಹನ್ಮಠದಲ್ಲಿ ಸೋಮವಾರಗಳಂದು ಸದ್ಧರ್ಮ ನ್ಯಾಯಪೀಠ ನಡೆಯುವುದು ನಾಡಿಗೆಲ್ಲ ಗೊತ್ತು. ಅಣ್ಣತಮ್ಮಂದಿರ ಜಗಳ, ಗಂಡಹೆಂಡಿರ ಜಗಳ ಹೊತ್ತು ಜನ ಎಲ್ಲೆಲ್ಲಿಂದಲೋ ಅಲ್ಲಿಗೆ ಬರುತ್ತಾರೆ. ಖರ್ಚಿಲ್ಲದೆ, ಮುಖ ಮುಖ ನೋಡಿಕೊಂಡು, ನಮ್ಮ ಮಾತಿನಲ್ಲಿ ನ್ಯಾಯ ಆಗುವುದಾದರೆ ಅದಕ್ಕಿಂತ ಒಳ್ಳೆಯದೇನಿದೆ? ಸಣ್ಣ ಊರಿನ ಸಣ್ಣ ಮಠಗಳಲ್ಲಿ ನಾವು ಮಾಡುವ ಪಂಚಾಯ್ತಿಯಲ್ಲಿ ಆ ಶಿಸ್ತು ಇರುವುದಿಲ್ಲ. ಮಠದಲ್ಲಿ ಆಡಿದ ಮಾತು ಗುರುವಿನ ಮುಂದೆ ಆಡಿದ್ದು, ಯಾರೂ ಮೀರುವುದಿಲ್ಲ ಎಂದು ಹೊರಡುತ್ತೇವೆ. ಮೀರುತ್ತಾರೆ. ಮೀರಿದಾಗ ಮಠದ ಮಾತು ಕೋರ್ಟಿನ ಗಡಿಯಾರವನ್ನು ನಿಲ್ಲಿಸಿರುವುದಿಲ್ಲ. ನಾವು ಪಡಸಾಲೆಯಲ್ಲಿ ಪ್ರಸಾದ ಮಾಡುತ್ತಿದ್ದಾಗಲೂ ಅಲ್ಲಿ ದಿನ ಎಣಿಸುತ್ತಲೇ ಇತ್ತು.

ಕಾನೂನು ಇದಕ್ಕೆ ಜಾಗ ಮಾಡಿಕೊಟ್ಟಿದೆ, ನಾವು ಬಳಸಲಿಲ್ಲ ಅಷ್ಟೇ. ರಾಜಿ ಮಾತುಕತೆ ನಡೆದಿದೆ, ಕಾಲಾವಕಾಶ ಕೊಡಿ ಎಂದು ವಕೀಲರು ಒಂದು ಮೆಮೊ ಹಾಕಿದ್ದರೆ ಯಾವ ನ್ಯಾಯಾಧೀಶರೂ ಸಾಮಾನ್ಯವಾಗಿ ಬೇಡ ಎನ್ನುವುದಿಲ್ಲ. ಒಪ್ಪಂದವನ್ನು ಬರೆದು, ಎರಡೂ ಕಡೆಯವರು ಸಹಿ ಮಾಡಿ ಕೋರ್ಟಿಗೆ ಕೊಟ್ಟಿದ್ದರೆ 23ನೇ ಆದೇಶದ 3ನೇ ನಿಯಮದ ಪ್ರಕಾರ ಅದೇ ಡಿಕ್ರಿಯಾಗುತ್ತಿತ್ತು. ಬರಹದಲ್ಲಿರಬೇಕು, ಸಹಿ ಇರಬೇಕು ಎಂದು ಆ ನಿಯಮ ಬಾಯಿಬಿಟ್ಟು ಹೇಳುತ್ತದೆ. ಇಲ್ಲವೇ ಲೋಕ ಅದಾಲತ್ತಿಗೆ ಒಯ್ದಿದ್ದರೆ ಅಲ್ಲಿಯ ಅವಾರ್ಡಿಗೆ ಡಿಕ್ರಿಯ ಬೆಲೆಯೇ ಇದೆ. ಅದರ ಮೇಲೆ ಮತ್ತೆ ಮೇಲ್ಮನವಿ ಇಲ್ಲ, ಕಟ್ಟಿದ ಕೋರ್ಟ್ ಫೀ ಕೂಡ ವಾಪಸ್ ಬರುತ್ತದೆ. ಮಠದಲ್ಲಿ ಮನಸ್ಸು ಒಂದಾಗಲಿ, ಕಾಗದ ಕೋರ್ಟಿನಲ್ಲಿ ಆಗಲಿ. ಒಂದಕ್ಕೊಂದು ಅಡ್ಡಿಯಿಲ್ಲ. ಕಾಲುವೆ ಬದಿಯ ಎರಡು ಎಕರೆಯಾದರೂ ಆ ತಾಯಿಯ ಪಹಣಿಗೆ ಬರುತ್ತಿತ್ತು.

ಹಾಗಾಗಿ ನಮ್ಮ ಮಠದ ಪೂಜ್ಯರ ಮುಂದೆ ಹೋಗಿ ನನ್ನ ತಪ್ಪು ಒಪ್ಪಿಕೊಂಡು ಒಂದು ವಿನಂತಿ ಮಾಡಿದೆ. ಇನ್ನು ಮೇಲೆ ಪಂಚಾಯ್ತಿಗೆ ಯಾರು ಬಂದರೂ ಮೊದಲ ಪ್ರಶ್ನೆ ‘ಕೋರ್ಟಿನಲ್ಲಿ ಏನಾದರೂ ಇದೆಯೇ, ಮುಂದಿನ ತಾರೀಖು ಯಾವಾಗ?’ ಎಂದಿರಲಿ. ಯಾವ ಪಂಚನೂ ‘ತಾರೀಖಿಗೆ ಹೋಗಬೇಡ’ ಎಂಬ ಮಾತನ್ನು ಬಾಯಿಂದ ತೆಗೆಯದಿರಲಿ. ಅಂಥ ಮಾತು ಹೇಳುವವನು ಆ ಪ್ರಕರಣದ ಹೊಣೆಯನ್ನು ತನ್ನ ತಲೆಯ ಮೇಲೆ ಹೊತ್ತ ಹಾಗೆ. ಪೂಜ್ಯರು ಒಪ್ಪಿದರು. ಪಡಸಾಲೆಯ ಕಂಬಕ್ಕೆ ಒಂದು ಹಲಗೆ ಬರೆಸಿ ತೂಗುಹಾಕಿದ್ದಾರೆ. ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ಮಠದಲ್ಲಿ ಒಂದು ವಹಿ ಇಟ್ಟಿದ್ದೇವೆ. ಯಾರಿಗೆ ಬೇಕೋ ಅವರು ತಮ್ಮ ಪ್ರಕರಣದ ಸಂಖ್ಯೆ ಬರೆಸಬಹುದು. ಪ್ರತಿ ಪ್ರಕರಣಕ್ಕೂ ಸಿಎನ್‌ಆರ್ ಎಂಬ ಹದಿನಾರು ಅಕ್ಷರ–ಅಂಕಿಗಳ ಗುರುತು ಇರುತ್ತದೆ. ಇ-ಕೋರ್ಟ್ಸ್ ಆ್ಯಪಿನಲ್ಲಿ ಅದನ್ನು ಹಾಕಿದರೆ ಹಿಂದಿನ ತಾರೀಖಿನಂದು ಏನಾಯಿತು, ಮುಂದಿನದು ಯಾವಾಗ ಎಂದು ಕಾಣುತ್ತದೆ. ಒಂದು ಪೈಸೆ ಖರ್ಚಿಲ್ಲ. ಮಠದ ಪ್ರಸಾದ ನಿಲಯದ ಪಿಯುಸಿ ಹುಡುಗರು ಇಬ್ಬರು ಪ್ರತಿ ಭಾನುವಾರ ಅರ್ಧ ಗಂಟೆ ಕೂತು ನೋಡಿ, ಸಂಬಂಧಪಟ್ಟವರಿಗೆ ಫೋನ್ ಮಾಡುತ್ತಾರೆ. ಮೊದಲ ತಿಂಗಳೇ ಒಬ್ಬ ಅಜ್ಜನ ಮೇಲ್ಮನವಿ ವಜಾ ಆಗಿ ಹನ್ನೊಂದು ದಿನ ಆಗಿದ್ದದ್ದು ಸಿಕ್ಕಿತು. ಇನ್ನೂ ಹತ್ತೊಂಬತ್ತು ದಿನ ಬಾಕಿ ಇದ್ದವು. ಆ ಅರ್ಜಿ ಗಡುವಿನೊಳಗೆ ಬಿತ್ತು.

ಸಣ್ಣ ಮಠ, ಎರಡು ಹುಡುಗರು, ಒಂದು ಫೋನು, ಇಷ್ಟರಲ್ಲೇ ಇಷ್ಟಾಯಿತು. ನಮ್ಮ ಸಮಾಜದ ಕೈಯಲ್ಲಿ ಇದಕ್ಕಿಂತ ಬಹಳ ಇದೆ. ಸುತ್ತೂರು ಮಠದ ಜೆಎಸ್‌ಎಸ್ ಮೈಸೂರಿನಲ್ಲಿ ಕಾನೂನು ಕಾಲೇಜು ನಡೆಸುತ್ತದೆ, ಕೆಎಲ್‌ಇ ಸಂಸ್ಥೆ ಹುಬ್ಬಳ್ಳಿ, ಬೆಂಗಳೂರುಗಳಲ್ಲಿ ನಡೆಸುತ್ತದೆ. ಇಂಥ ಕಾಲೇಜುಗಳ ವಿದ್ಯಾರ್ಥಿಗಳು ಜಾತ್ರೆ, ಶರಣ ಸಂಗಮಗಳಲ್ಲಿ ಒಂದು ಮೇಜು ಹಾಕಿಕೊಂಡು ಕೂತರೆ ಎಷ್ಟು ತಾಯಂದಿರ ಕಡತ ಉಳಿಯಬಹುದು! ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ, 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ 12ನೇ ಕಲಮಿನಡಿ ಉಚಿತ ವಕೀಲರನ್ನು ಕೇಳುವ ಹಕ್ಕಿದೆ ಎಂಬುದು ನನಗೇ ಅರವತ್ತೆರಡನೆಯ ವಯಸ್ಸಿನಲ್ಲಿ ತಿಳಿಯಿತು. 2008ರಿಂದ ಧಾರವಾಡ, ಕಲಬುರಗಿಗಳಲ್ಲಿ ಹೈಕೋರ್ಟಿನ ಪೀಠಗಳು ಕೂತಿವೆ, 2013ರಲ್ಲಿ ಅವು ಕಾಯಂ ಆದವು. ಬೀದರಿನಿಂದ ಬೆಂಗಳೂರಿಗೆ ರಾತ್ರಿಯಿಡೀ ಬಸ್ಸಿನಲ್ಲಿ ಹೋಗಿ, ಮುಂದಕ್ಕೆ ಹಾಕಿದ್ದಾರೆಂದು ಕೇಳಿ ಮರಳುವ ಕಾಲ ಹೋಯಿತು. ದೂರದ ನೆಪ ಸಣ್ಣದಾಗಿದೆ. ಉಳಿದದ್ದು ಗೊತ್ತಿಲ್ಲದಿರುವುದು, ಮತ್ತು ಗೊತ್ತಿದ್ದವರು ಹೇಳದಿರುವುದು.

ಆಯ್ದಕ್ಕಿ ಲಕ್ಕಮ್ಮನ ಕತೆಯನ್ನು ನಾವು ಪ್ರವಚನಗಳಲ್ಲಿ ಎಷ್ಟು ಸಲ ಕೇಳಿಲ್ಲ. ಕಲ್ಯಾಣದಲ್ಲಿ ಶರಣರ ಅನುಭವಗೋಷ್ಠಿಯಲ್ಲಿ ಮಾರಯ್ಯ ಮೈಮರೆತು ಕೂತಾಗ, ಕಾಯಕ ನಿಂತುಹೋಗಿದೆ ಏಳು ಎಂದು ಎಬ್ಬಿಸಿ ಕಳಿಸಿದವಳು ಆಕೆ. ಗೋಷ್ಠಿ ಎಷ್ಟೇ ದೊಡ್ಡದಿರಲಿ, ಎದ್ದು ಹೋಗಿ ಮಾಡಬೇಕಾದ ಕೆಲಸ ಒಂದು ಇರುತ್ತದೆ ಎಂದು ಆ ಹೆಣ್ಣುಮಗಳಿಗೆ ಗೊತ್ತಿತ್ತು. ನಮ್ಮ ಪಡಸಾಲೆಯಲ್ಲಿ ‘ಹೋಗ್ಲೇನ್ರೀ’ ಎಂದು ಕೇಳಿದವರೂ ಒಬ್ಬ ಹೆಣ್ಣುಮಗಳೇ. ಎಬ್ಬಿಸಿ ಕಳಿಸಬೇಕಾದ ಜಾಗದಲ್ಲಿ ಕೂತು ನಾನು ಕೂಡಿಸಿದೆ.

ಈಗ ಆ ಎರಡು ಅರ್ಜಿಗಳ ಸ್ಥಿತಿ ಹೇಳುತ್ತೇನೆ. ತಡಕ್ಕೆ ಕಾರಣವೇನೆಂದು ವಕೀಲರು ಕೇಳಿದಾಗ ಆ ತಾಯಿ ನಮ್ಮ ಯಾರ ಹೆಸರನ್ನೂ ಹೇಳಲಿಲ್ಲ. “ಮೈಯಾಗ ಆರಾಮ ಇರಲಿಲ್ಲ ಅಂತ ಬರೀರಿ” ಎಂದರು. ಮಠದ ಹೆಸರು ಕೋರ್ಟಿನಲ್ಲಿ ಬರಬಾರದು, ಗುರುಗಳಿಗೆ ಕೆಟ್ಟ ಹೆಸರು ಬರಬಾರದು ಎಂಬುದು ಅವರ ಚಿಂತೆ. ಹೊಲ ಹೋದವರಿಗೆ ನಮ್ಮ ಮಾನದ ಚಿಂತೆ! ಸುಳ್ಳು ಬರೆಸುವುದು ಬೇಡವ್ವಾ ಎಂದು ನಾನು ಹಟ ಹಿಡಿದೆ. ತಾರೀಖಿಗೆ ಹೋಗಬೇಡವೆಂದು ಹೇಳಿದವರು ನಾವು, ನಮ್ಮ ಮಾತು ನಂಬಿಯೇ ಅವರು ಹೋಗಲಿಲ್ಲ ಎಂದು ನಾನು ಪ್ರಮಾಣಪತ್ರ ಬರೆದು ಸಹಿ ಹಾಕಿದೆ. ಉಳಿದ ನಾಲ್ವರ ಮನೆಗೂ ಹೋದೆ. ಒಬ್ಬರು, ಆ ತಮ್ಮಂದಿರು ನನಗೆ ಬೀಗರಾಗಬೇಕು ಎಂದರು. ಇನ್ನೊಬ್ಬರು, ಕೋರ್ಟಿನಲ್ಲಿ ನಿಂತು ಅಡ್ಡ ಸವಾಲಿಗೆ ಉತ್ತರ ಕೊಡುವ ವಯಸ್ಸಲ್ಲ ಎಂದರು. ಮೂರನೆಯವರು ನೆನಪಿಲ್ಲ ಎಂದರು. ನಾಲ್ಕನೆಯವರು ಚಹಾ ಕೊಟ್ಟು, ಬಹಳ ಹೊತ್ತು ಸುಮ್ಮನೆ ಕೂತು, ವಿಚಾರ ಮಾಡ್ತೀನಿ ಎಂದಿದ್ದಾರೆ.

ನನ್ನ ಪ್ರಮಾಣಪತ್ರಕ್ಕೆ ತಮ್ಮಂದಿರ ಕಡೆಯಿಂದ ಆಕ್ಷೇಪಣೆ ಬಂದಿದೆ. ಪಂಚಾಯ್ತಿಯೇ ನಡೆದಿಲ್ಲ ಎನ್ನುತ್ತಾರೆ. ಈ ಅರ್ಜಿ ತಿರಸ್ಕೃತವಾದರೆ ಅದರ ಮೇಲೂ ಮೇಲ್ಮನವಿ ಇದೆ, 43ನೇ ಆದೇಶದಲ್ಲಿ ಅದಕ್ಕೆ ದಾರಿ ಇದೆ ಎಂದು ವಕೀಲರು ಹೇಳಿದ್ದಾರೆ. ಅಷ್ಟರಲ್ಲಿ ಕಾಲುವೆ ಬದಿಯ ಹೊಲದಲ್ಲಿ ಎರಡು ಬೆಳೆ ಬಂದು ಹೋಗಿವೆ.

ಮುಂದಿನ ತಾರೀಖು ಇದೇ ತಿಂಗಳ ಕೊನೆಯ ವಾರದಲ್ಲಿ ಇದೆ. ಆ ದಿನ ನಮ್ಮ ಮಠದಲ್ಲಿ ಮಾಸಿಕ ಶಿವಾನುಭವ ಗೋಷ್ಠಿಯೂ ಇದೆ, ನನ್ನದೇ ಉಪನ್ಯಾಸ ಇಟ್ಟಿದ್ದಾರೆ. ಬೇರೆಯವರನ್ನು ನೋಡಿಕೊಳ್ಳಿ ಎಂದು ಪೂಜ್ಯರಿಗೆ ಹೇಳಿ ಬಂದಿದ್ದೇನೆ. ಬೆಳಿಗ್ಗೆ ಒಂಬತ್ತರ ಬಸ್ಸಿಗೆ ಆ ತಾಯಿ, ನಾನು ಹೊರಡುತ್ತೇವೆ. ನಾಲ್ಕನೆಯವರಿಗೂ ಬಸ್ಸಿನ ವೇಳೆ ತಿಳಿಸಿದ್ದೇನೆ.